ಉರಾಲ್ ಎಣ್ಣೆಯೂ ಸಂತೆಬಾಚಹಳ್ಳಿಯ ಡೀಸೆಲ್ಲೂ

ಕೃಷ್ಣರಾಜಪೇಟೆ ತಾಲ್ಲೂಕಿನ ಸಂತೆಬಾಚಹಳ್ಳಿ ಹೋಬಳಿಯಲ್ಲಿ ಹೊಲ ಉಳಲು, ಕಬ್ಬು ಸಾಗಿಸಲು ಟ್ರ್ಯಾಕ್ಟರ್ ಬೇಕು. ಅದಕ್ಕೆ ಡೀಸೆಲ್ ಬೇಕು. ರಷ್ಯಾದಿಂದ ಅಗ್ಗದ ಕಚ್ಚಾತೈಲ ಬರುತ್ತಿದೆ ಎಂದು 2022ರಿಂದ ಪತ್ರಿಕೆಗಳಲ್ಲಿ ಓದಿದ ರೈತ, ಹಾಗಾದರೆ ಬಂಕಿನಲ್ಲಿ ದರ ಏಕೆ ಇಳಿಯಲಿಲ್ಲ ಎಂದು ಕೇಳಿದರೆ ತಪ್ಪೇನಿಲ್ಲ.

ಸಂತೆ ಕಂಡವರಿಗೆ ಈ ವ್ಯಾಪಾರದ ಮರ್ಮ ಹೊಸದಲ್ಲ. ಗಿರಾಕಿಗಳು ಕರಗಿ ಹೊತ್ತು ಇಳಿದಾಗ ಸೊಪ್ಪಿನ ಕಂತೆ ಸಿಕ್ಕ ಬೆಲೆಗೆ ಹೋಗುತ್ತದೆ. 2022ರ ಫೆಬ್ರವರಿಯಲ್ಲಿ ರಷ್ಯಾ ಉಕ್ರೇನಿನ ಮೇಲೆ ದಾಳಿ ಮಾಡಿದ ಮೇಲೆ ಅದರ ಹಳೆಯ ಗಿರಾಕಿ ಯುರೋಪು ಬೆನ್ನು ತಿರುಗಿಸಿತು. ಅದೇ ಡಿಸೆಂಬರ್ 5ರಿಂದ ಹಡಗಿನಲ್ಲಿ ಬರುವ ರಷ್ಯನ್ ಕಚ್ಚಾತೈಲಕ್ಕೆ ನಿಷೇಧ ಹೇರಿತು. ಉಳಿದವರು ಬ್ಯಾರೆಲ್ಲಿಗೆ 60 ಡಾಲರಿಗಿಂತ ಹೆಚ್ಚು ಕೊಟ್ಟು ಕೊಂಡರೆ ಪಾಶ್ಚಾತ್ಯ ಕಂಪೆನಿಗಳ ಹಡಗು, ವಿಮೆ ಸಿಗುವುದಿಲ್ಲ ಎಂದು ಜಿ-7 ರಾಷ್ಟ್ರಗಳು ಕಟ್ಟಳೆ ಮಾಡಿದವು. ಎಣ್ಣೆ ಹರಿಯುತ್ತಿರಲಿ, ರಷ್ಯಾದ ಬೊಕ್ಕಸ ಮಾತ್ರ ತುಂಬದಿರಲಿ ಎಂಬುದು ಲೆಕ್ಕಾಚಾರ. ರಷ್ಯಾ ಹಳೆಯ ಹಡಗುಗಳನ್ನು ಕೂಡಿಸಿಕೊಂಡು ಪೂರ್ವಕ್ಕೆ ಮುಖ ಮಾಡಿತು. ಭಾರತದ ಆಮದಿನಲ್ಲಿ ಶೇ 2ರ ಆಸುಪಾಸಿನಲ್ಲಿದ್ದ ರಷ್ಯಾದ ಪಾಲು 2023ರ ವೇಳೆಗೆ ಮೂರನೇ ಒಂದು ಭಾಗವನ್ನೂ ಮೀರಿತು.

ಕರ್ನಾಟಕದ ಏಕೈಕ ದೊಡ್ಡ ತೈಲ ಶುದ್ಧೀಕರಣ ಕೇಂದ್ರವಾದ ಮಂಗಳೂರಿನ ಎಂ.ಆರ್.ಪಿ.ಎಲ್. 2022ರ ಮಾರ್ಚ್‌ನಲ್ಲೇ ಸುಮಾರು 10 ಲಕ್ಷ ಬ್ಯಾರೆಲ್ 'ಉರಾಲ್' ಎಣ್ಣೆ ಕೊಂಡಿತು. ಒಂದು ಬ್ಯಾರೆಲ್ ಎಂದರೆ 159 ಲೀಟರ್. ಇದೇ ಕಾರ್ಖಾನೆ ಹಿಂದೆ ಇರಾನಿನ ಎಣ್ಣೆಯನ್ನು ಬಹಳವಾಗಿ ನೆಚ್ಚಿತ್ತು. 2019ರ ಮೇ ತಿಂಗಳಲ್ಲಿ ಅಮೆರಿಕದ ದಿಗ್ಬಂಧನ ಆ ಬಾಗಿಲು ಮುಚ್ಚಿಸಿತು. ಮಂಗಳೂರಿನಲ್ಲಿ ತಯಾರಾದ ಡೀಸೆಲ್ ಘಟ್ಟ ಹತ್ತಿ, 362 ಕಿ.ಮೀ. ಕೊಳವೆ ಮಾರ್ಗದಲ್ಲಿ ಹಾಸನದ ಮೂಲಕ ಬೆಂಗಳೂರಿನ ಬಳಿಯ ದೇವನಗೊಂದಿ ಸೇರುತ್ತದೆ. ಅದರಲ್ಲಿ ಯಾವ ಹನಿ ರಷ್ಯಾದ್ದು, ಯಾವುದು ಅರಬ್ಬರದ್ದು ಎಂದು ಬೇರ್ಪಡಿಸಲು ಬ್ರಹ್ಮನಿಂದಲೂ ಆಗದು.

ಇನ್ನು ದರದ ಮಾತು. 2022ರಲ್ಲಿ ವಿಶ್ವದ ಬೆಲೆ ಗಗನಕ್ಕೇರಿದಾಗ ಸರ್ಕಾರಿ ತೈಲ ಕಂಪೆನಿಗಳು ಬಂಕಿನ ದರವನ್ನು ಹಿಡಿದಿಟ್ಟು ನಷ್ಟ ಉಂಡವು. ಬೆಲೆ ಇಳಿದಾಗ ಆ ನಷ್ಟ ತುಂಬಿಕೊಂಡವು. ಕೇಂದ್ರ 2022ರ ಮೇ ತಿಂಗಳಲ್ಲಿ ಡೀಸೆಲ್ ಸುಂಕವನ್ನು ಲೀಟರಿಗೆ 6 ರೂಪಾಯಿ ಇಳಿಸಿತು. 2024ರ ಮಾರ್ಚ್‌ನಲ್ಲಿ ಕಂಪೆನಿಗಳು ದರವನ್ನು 2 ರೂಪಾಯಿ ಕಡಿಮೆ ಮಾಡಿದವು. ಆದರೆ ಅದೇ ಜೂನ್‌ನಲ್ಲಿ ರಾಜ್ಯ ಸರ್ಕಾರ ಡೀಸೆಲ್ ಮೇಲಿನ ಮಾರಾಟ ತೆರಿಗೆಯನ್ನು ಶೇ 14.34ರಿಂದ 18.44ಕ್ಕೆ, 2025ರ ಏಪ್ರಿಲ್‌ನಲ್ಲಿ 21.17ಕ್ಕೆ ಏರಿಸಿತು. ಹಡಗಿನಿಂದ ಇಳಿದ ರಿಯಾಯಿತಿ ಹೀಗೆ ದಾರಿಯಲ್ಲೇ ಅವರಿವರ ಪಾಲಾಯಿತು. ಭಾರತ ರಷ್ಯಾದ ಎಣ್ಣೆ ಕೊಳ್ಳದಿದ್ದರೆ ಎಲ್ಲರೂ ಕೊಲ್ಲಿ ರಾಷ್ಟ್ರಗಳಿಗೇ ಮುಗಿಬಿದ್ದು ಬೆಲೆ ಇನ್ನಷ್ಟು ಏರುತ್ತಿತ್ತು ಎಂಬ ಕೇಂದ್ರದ ವಾದವನ್ನೂ ತಳ್ಳಿಹಾಕುವಂತಿಲ್ಲ.

ಅಗ್ಗದ ಎಣ್ಣೆ ತೋರಿಸಿ ಸ್ನೇಹ ಬೆಳೆಸುವುದು ಮಾಸ್ಕೋಗೆ ಹೊಸ ವಿದ್ಯೆಯೇನಲ್ಲ. 1960ರಲ್ಲಿ ಸೋವಿಯತ್ ಒಕ್ಕೂಟ ಕಡಿಮೆ ಬೆಲೆಗೆ ಕಚ್ಚಾತೈಲ ಕೊಡಲು ಮುಂದೆ ಬಂದಾಗ, ಇಲ್ಲಿದ್ದ ವಿದೇಶಿ ಕಂಪೆನಿಗಳು ಅದನ್ನು ಶುದ್ಧೀಕರಿಸಲು ಒಪ್ಪಲಿಲ್ಲ. ತೈಲ ಸಚಿವ ಕೆ.ಡಿ. ಮಾಳವೀಯ ಸುಮ್ಮನಾಗದೆ ಸಿದ್ಧ ಡೀಸೆಲ್ಲನ್ನೇ ತರಿಸಿದರು. ಆ ಆಗಸ್ಟ್ 17ರಂದು 'ಉಜ್‌ಗೊರೊದ್' ಹಡಗು ಮುಂಬಯಿಗೆ ಬಂತು. ಆಗಿನ ವ್ಯಾಪಾರ ರೂಪಾಯಿಯಲ್ಲಿ ನಡೆಯುತ್ತಿತ್ತು; ಆ ರೂಪಾಯಿಗಳಿಂದ ಸೋವಿಯತ್ತರು ಚಹಾ, ಕಾಫಿ ಒಯ್ಯುತ್ತಿದ್ದರು. 1991ರಲ್ಲಿ ಒಕ್ಕೂಟ ಮುರಿದುಬಿದ್ದಾಗ ಕೊಡಗು, ಚಿಕ್ಕಮಗಳೂರಿನ ಬೆಳೆಗಾರರೂ ತತ್ತರಿಸಿದ್ದರು.

ಈ ಬಾರಿ ಕಷ್ಟ ಮಾರುವವನದು. ಭಾರತದ ಬ್ಯಾಂಕುಗಳಲ್ಲಿ ತಮ್ಮ ಕೋಟ್ಯಂತರ ರೂಪಾಯಿ ಕೂತಿದೆ, ಬಳಸುವ ದಾರಿ ಕಾಣುತ್ತಿಲ್ಲ ಎಂದು ರಷ್ಯಾದ ವಿದೇಶಾಂಗ ಸಚಿವ ಲಾವ್ರೋವ್ 2023ರ ಮೇ ತಿಂಗಳಲ್ಲಿ ಗೋವಾದಲ್ಲಿ ಅಲವತ್ತುಕೊಂಡರು. ಕೊಟ್ಟವನು ಕೋಡಂಗಿ, ಇಸ್ಕೊಂಡವನು ಈರಭದ್ರ!

ಈರಭದ್ರನಿಗೂ ಪೆಟ್ಟು ಬಿತ್ತು. ರಷ್ಯಾದ ಎಣ್ಣೆ ಕೊಂಡ ಕಾರಣಕ್ಕೆ ಅಮೆರಿಕ 2025ರ ಆಗಸ್ಟ್ 27ರಿಂದ ಭಾರತದ ಸರಕಿಗೆ ಹೆಚ್ಚುವರಿ ಶೇ 25 ಸುಂಕ ಹೇರಿತು. ಒಟ್ಟು ಶೇ 50 ಆಯಿತು. ಅಕ್ಟೋಬರಿನಲ್ಲಿ ರಾಸ್‌ನೆಫ್ಟ್, ಲುಕಾಯಿಲ್ ಕಂಪೆನಿಗಳ ಮೇಲೂ ನಿರ್ಬಂಧ ಬಂತು. ಅಗ್ಗದ ಎಣ್ಣೆಯ ಲಾಭ ಶುದ್ಧೀಕರಣ ಕೇಂದ್ರಗಳಿಗೆ ಸಿಕ್ಕಿತ್ತು. ಸುಂಕದ ಬಿಸಿ ಮುಟ್ಟಿದ್ದು ಅಮೆರಿಕಕ್ಕೆ ಸಿದ್ಧ ಉಡುಪು ಕಳಿಸುವ ಕಾರ್ಖಾನೆಗಳಿಗೆ. ಮಂಡ್ಯ ಜಿಲ್ಲೆಯ ಹಳ್ಳಿಗಳಿಂದ ಬೆಳಿಗ್ಗೆ ಬುತ್ತಿ ಕಟ್ಟಿಕೊಂಡು ಬಸ್ಸು ಹತ್ತುವ ಹೆಣ್ಣುಮಕ್ಕಳು ದುಡಿಯುವುದು ಇಂಥ ಗಾರ್ಮೆಂಟ್ಸ್‌ಗಳಲ್ಲೇ.