ಮೀನಿನ ಗಟ್ಟಿ ಸಾರೂ ಮನೆಯ ಶೇಂಗಾ ಕಾಳೂ

ಬೀಳಗಿ ತಾಲ್ಲೂಕಿನ ಅನಗವಾಡಿ ಗ್ರಾಮವು ಘಟಪ್ರಭಾ ನದಿಯ ದಂಡೆಯಲ್ಲಿರುವುದು. ಈ ನದಿಯು ಚಿಕ್ಕಸಂಗಮದಲ್ಲಿ ಕೃಷ್ಣೆಯನ್ನು ಕೂಡುವುದರಿಂದ, ಆಲಮಟ್ಟಿಯ ಅಣೆಕಟ್ಟಿನಲ್ಲಿ ನೀರು 519.60 ಮೀಟರಿನ ಮಟ್ಟಕ್ಕೆ ನಿಂತಾಗ ಹಿನ್ನೀರು ಘಟಪ್ರಭೆಯ ಪಾತ್ರದಲ್ಲಿಯೂ ಹಿಂದಕ್ಕೇರಿ ಹರಡುವುದು. ದಂಡೆಯ ಎಷ್ಟು ಎರೆಭೂಮಿ ಆ ನೀರಿನಡಿಗೆ ಹೋಯಿತೆಂಬುದನ್ನು ಈ ಭಾಗದ ಗೌಡರಿಗೂ ಭೂಮಾಲೀಕರಿಗೂ ತಿಳಿಸಬೇಕಾದುದಿಲ್ಲ. ಹೋದ ಭೂಮಿಗೆ ಅದು ಬದಲಲ್ಲವಾದರೂ, ಆ ನೀರು ಕೊಡುವ ಬೆಳೆಯೊಂದುಂಟು, ಅದೇ ಮೀನು. ಅದನ್ನು ಗಟ್ಟಿಯಾದ, ಕೆನೆಯಂತಹ ಸಾರಾಗಿ ಮಾಡಿಕೊಂಡರೆ ಜೋಳದ ರೊಟ್ಟಿಗೆ ಚೆನ್ನಾಗಿ ಹೊಂದುವುದು. ಅನ್ನದ ಸೀಮೆಯ ತೆಳುಸಾರು ರೊಟ್ಟಿಯ ಮೇಲೆ ನಿಲ್ಲುವುದಿಲ್ಲ.

ಇಂತಹ ಸಾರು ಅನ್ಯದೇಶಗಳಲ್ಲಿಯೂ ಉಂಟು. ಅಮೇರಿಕೆಯ ಈಶಾನ್ಯ ಕರಾವಳಿಯವರು ಮೀನು, ಉಳ್ಳಾಗಡ್ಡಿ, ಬಟಾಟೆ, ಹಾಲು ಇವುಗಳನ್ನು ಕೂಡಿಸಿ ‘ಚೌಡರ್’ ಎಂಬುದನ್ನು ಮಾಡುವರು. ಬೋಸ್ಟನ್ ನಗರದ ಪತ್ರಿಕೆಯೊಂದರಲ್ಲಿ 1751ರಷ್ಟು ಹಿಂದೆಯೇ ಅದರ ವಿಧಾನವು ಅಚ್ಚಾಗಿತ್ತು. ಆಗ ಅದಕ್ಕೆ ಹಾಲಿರಲಿಲ್ಲ, ಹಡಗಿನ ಬಿಸ್ಕತ್ತೇ ಅದನ್ನು ಗಟ್ಟಿಮಾಡುತ್ತಿತ್ತು. ನಮ್ಮ ಕರಾವಳಿಯಲ್ಲಿ ಆ ಕೆಲಸವನ್ನು ತೆಂಗಿನಕಾಯಿಯ ಹಾಲು ಮಾಡುವುದು. ನಮ್ಮ ಬಯಲುಸೀಮೆಯಲ್ಲಿ ಅದನ್ನು ಶೇಂಗಾ ಮತ್ತು ಎಳ್ಳು ಮಾಡತಕ್ಕವು. ಶೇಂಗಾ ಕಾಳಿನಲ್ಲಿ ಹೆಚ್ಚುಕಡಿಮೆ ಅರ್ಧದಷ್ಟು ಎಣ್ಣೆಯೂ ಕಾಲುಭಾಗದಷ್ಟು ಸಸಾರಜನಕವೂ ಇರುವುದರಿಂದ, ನುಣ್ಣಗೆ ಅರೆದು ನೀರಿನಲ್ಲಿ ಕದಡಿದರೆ ಅದು ಹಾಲಿನಂತೆಯೇ ಬೆಳ್ಳಗಾಗಿ ನಿಲ್ಲುವುದು.

ಎಮ್ಮೆಯ ಹಾಲನ್ನೇ ಏಕೆ ಹಾಕಬಾರದೆಂದು ಕೇಳಬಹುದು. ಮೀನು ಹಾಲು ಕೂಡಬಾರದೆಂಬುದು ಚರಕಸಂಹಿತೆಯಷ್ಟು ಹಳೆಯ ಮಾತು. ಅವೆರಡನ್ನು ಕೂಡಿ ಉಂಡರೆ ತೊನ್ನು ಬರುವುದೆಂಬ ಹಳ್ಳಿಯ ನಂಬಿಕೆಗೆ ಇಂದಿನ ವೈದ್ಯಶಾಸ್ತ್ರದಲ್ಲಿ ಆಧಾರವಿಲ್ಲ. ಆದರೆ ಹುಣಿಸೆಹುಳಿ ತಾಗಿದೊಡನೆ ಹಾಲು ಒಡೆಯುವುದಂತೂ ಸತ್ಯ. ಹಾಲು ಹಾಕಿದ ಸಾರನ್ನು ಮನೆಯ ಹಿರಿಯರು ಮುಟ್ಟದಿದ್ದರೆ ಶ್ರಮವೆಲ್ಲ ವ್ಯರ್ಥ.

ಮೀನು ಕಾಟ್ಲ, ರೋಹು, ಇಲ್ಲವೆ ಬಾಳೆಮೀನು ಆಗಬಹುದು. ಮೊದಲಿನೆರಡರಲ್ಲಿ ಬಾಲದ ಕಡೆ ಕವಲುಮುಳ್ಳುಗಳು ಬಹಳ. ಮಕ್ಕಳಿಗೆ ಹೊಟ್ಟೆಭಾಗದ ತುಂಡುಗಳನ್ನು ಕೊಡತಕ್ಕದ್ದು. ಕಣ್ಣು ಉಬ್ಬಿ ಹೊಳೆಯುತ್ತಿರಬೇಕು, ಕಿವಿರು ಕೆಂಪಾಗಿರಬೇಕು, ಬೆರಳಿನಿಂದ ಒತ್ತಿದ ಗುಳಿ ಕೂಡಲೇ ತುಂಬಿಕೊಳ್ಳಬೇಕು. ಬೇಸಿಗೆಯಲ್ಲಿ ಮಂಜುಗಡ್ಡೆಯಿಲ್ಲದೆ ಮಧ್ಯಾಹ್ನದವರೆಗೆ ಬುಟ್ಟಿಯಲ್ಲಿದ್ದ ಮೀನನ್ನು ಅಗ್ಗವೆಂದು ಕೊಳ್ಳಬಾರದು. ಸೀಳುವಾಗ ಪಿತ್ತಕೋಶವು ಒಡೆಯದಂತೆ ಎಚ್ಚರವಿರಲಿ. ಅದನ್ನು ಔಷಧವೆಂದು ಹಸಿಯಾಗಿ ನುಂಗುವವರುಂಟು. ರೋಹು, ಕಾಟ್ಲಗಳ ಪಿತ್ತವು ಮೂತ್ರಪಿಂಡಗಳನ್ನು ಕೆಡಿಸುವ ವಿಷವಾದುದರಿಂದ ಇದನ್ನು ಗೌಡರು ತಮ್ಮ ಊರಿನಲ್ಲಿ ತಡೆಯುವುದು ಲೇಸು.

ಇನ್ನು ಶೇಂಗಾ ವಿಷಯ. ದೊಡ್ಡ ದುಂಡನೆಯ ಕಾಳೆಲ್ಲ ಪೇಟೆಗೆ ಹೋಗಿ, ಮುರುಟಿದ್ದು, ಒಡೆದದ್ದು, ಬೂಷ್ಟು ಹಿಡಿದದ್ದು ಅಡಿಗೆಮನೆಯ ಡಬ್ಬಿಯನ್ನು ಸೇರುವುದು ಅನೇಕ ಒಕ್ಕಲುಮನೆಗಳ ವಾಡಿಕೆ. ಬೆಲೆಯ ಲೆಕ್ಕದಲ್ಲಿ ಇದು ಜಾಣತನವೆಂದು ತೋರುವುದು. ನಿಜವಾಗಿ ಇದರಷ್ಟು ದುಬಾರಿಯಾದ ಉಳಿತಾಯವಿಲ್ಲ. ಶೇಂಗಾ ಕಾಳಿನ ಮೇಲೆ ಬೆಳೆಯುವ ಹಳದಿಹಸಿರು ಬೂಷ್ಟು ಅಫ್ಲಾಟಾಕ್ಸಿನ್ ಎಂಬ ವಿಷವನ್ನುಂಟುಮಾಡುವುದು. 1960ರಲ್ಲಿ ಇಂಗ್ಲೆಂಡಿನಲ್ಲಿ ಒಂದು ಲಕ್ಷಕ್ಕೂ ಹೆಚ್ಚು ಟರ್ಕಿಕೋಳಿಗಳು ಸತ್ತಾಗ, ಕಾರಣವನ್ನು ಹುಡುಕಿದವರು ಮೇವಿನಲ್ಲಿದ್ದ ಶೇಂಗಾ ಹಿಂಡಿಯಲ್ಲಿ ಈ ವಿಷವನ್ನು ಕಂಡರು. ನಮ್ಮ ದೇಶದಲ್ಲಿಯೇ 1974ರಲ್ಲಿ ರಾಜಸ್ಥಾನ ಮತ್ತು ಗುಜರಾತಿನ ಹಳ್ಳಿಗಳಲ್ಲಿ ಬೂಷ್ಟು ಹಿಡಿದ ಮೆಕ್ಕೆಜೋಳವನ್ನುಂಡು ಯಕೃತ್ತು ಕೆಟ್ಟು ನೂರಕ್ಕೂ ಮಿಕ್ಕಿ ಜನರು ತೀರಿಕೊಂಡರು. ಸ್ವಲ್ಪ ಸ್ವಲ್ಪವಾಗಿ ವರ್ಷಗಟ್ಟಲೆ ಹೊಟ್ಟೆಗೆ ಸೇರಿದರೆ ಯಕೃತ್ತಿನ ಅರ್ಬುದಕ್ಕೂ ಇದು ಕಾರಣವಾಗುವುದು. ಹುರಿದರೆ ವಿಷವು ಕೆಲಮಟ್ಟಿಗೆ ಕಡಿಮೆಯಾಗುವುದೇ ಹೊರತು ಹೋಗುವುದಿಲ್ಲ. ಮಸಾಲೆಯ ವಾಸನೆಯಲ್ಲಿ ಕಮಟು ಮುಚ್ಚಿಹೋಗುವುದರಿಂದ ಸಾರಿನಲ್ಲಿ ಅದು ಗೊತ್ತೇ ಆಗದು. ಬೂಷ್ಟಿನ ಹಿಂಡಿಯನ್ನು ಎಮ್ಮೆಗೆ ಹಾಕಿದರೆ ಹಾಲಿನ ಮೂಲಕ ಅದು ಮರಳಿ ಮನೆಯ ಮಕ್ಕಳಿಗೇ ಬರುವುದು. ಆದುದರಿಂದ ಕಿತ್ತ ಶೇಂಗಾವನ್ನು ಅಲುಗಿಸಿದರೆ ಕಾಳು ಗಲಗಲನೆ ಸದ್ದುಮಾಡುವವರೆಗೆ ಒಣಗಿಸಿ, ನೆಲದ ತೇವ ತಾಗದಂತೆ ಹಲಗೆಯ ಮೇಲೆ ಚೀಲಗಳನ್ನಿಟ್ಟು, ಮನೆಯ ಖರ್ಚಿಗೆ ಬೇಕಾದ ಒಳ್ಳೆಯ ಕಾಳನ್ನು ಪೇಟೆಗೆ ಕಳುಹಿಸುವ ಮೊದಲೇ ತೆಗೆದಿಡತಕ್ಕದ್ದು. ಮೀನು ತಿನ್ನದ ಮನೆಗಳವರೂ ಶೇಂಗಾ ಚಟ್ನಿಯನ್ನು ತಿನ್ನುವರಾದುದರಿಂದ ಈ ಮಾತು ಅವರಿಗೂ ಸಲ್ಲುವುದು.

ಒಂದು ಕಿಲೋ ಮೀನಿನ ತುಂಡುಗಳಿಗೆ ಉಪ್ಪು, ಅರಿಷಿಣ ಸವರಿ ಕಾಲು ಗಂಟೆ ಬಿಡಬೇಕು. ತಲೆ, ಬೆನ್ನೆಲುಬುಗಳನ್ನು ಎಸೆಯದೆ, ತಲೆಯ ಕಿವಿರನ್ನು ಮಾತ್ರ ಕಿತ್ತುಹಾಕಿ, ಒಂದೂವರೆ ಲೀಟರು ನೀರಿನಲ್ಲಿ ಅರ್ಧ ಗಂಟೆ ಸಣ್ಣಗೆ ಕುದಿಸಿ ಬಸಿದುಕೊಳ್ಳತಕ್ಕದ್ದು. ಸಾರಿನ ರುಚಿಯೆಲ್ಲ ಈ ಬಸಿಯಲ್ಲಿರುವುದು. ನೂರು ಗ್ರಾಂ ಶೇಂಗಾವನ್ನು ಹದವಾಗಿ ಹುರಿದು, ಸಿಪ್ಪೆ ತೆಗೆದು, ಹುರಿದ ಎಳ್ಳು ಎರಡು ಚಮಚೆ ಕೂಡಿಸಿ, ಬಿಸಿನೀರಿನಲ್ಲಿ ನೆನೆಸಿ ಬೆಣ್ಣೆಯಂತೆ ಅರೆಯಬೇಕು. ಕುಸುಬೆ ಎಣ್ಣೆಯಲ್ಲಿ ಉಳ್ಳಾಗಡ್ಡಿ, ಬಳ್ಳೊಳ್ಳಿ, ಶುಂಠಿಗಳನ್ನು ಬಾಡಿಸಿ, ಬ್ಯಾಡಗಿಯ ಖಾರದಪುಡಿ, ಕೊತ್ತಂಬರಿ, ಜೀರಿಗೆ ಹಾಕಿ ಬಸಿಯನ್ನು ಸುರಿದು, ಒಂದು ಚಮಚೆ ಜೋಳದ ಹಿಟ್ಟನ್ನು ತಣ್ಣೀರಿನಲ್ಲಿ ಕದಡಿ ಬೆರೆಸತಕ್ಕದ್ದು. ಈ ಹಿಟ್ಟು ಶೇಂಗಾದ ಎಣ್ಣೆ ಬೇರೆಯಾಗದಂತೆ ಹಿಡಿದಿಡುವುದು. ಸಾರು ಕುದಿದ ಮೇಲೆ ಉರಿಯನ್ನು ತಗ್ಗಿಸಿ ಅರೆದುದನ್ನು ಕೂಡಿಸಿ, ಐದು ನಿಮಿಷದ ನಂತರ ಮೀನನ್ನು ಇಳಿಬಿಡಬೇಕು. ಅಲ್ಲಿಂದ ಮುಂದೆ ಸೌಟು ಹಾಕಬಾರದು. ಪಾತ್ರೆಯನ್ನೇ ಹಿಡಿದು ಅಲ್ಲಾಡಿಸತಕ್ಕದ್ದು. ಎಂಟು ಹತ್ತು ನಿಮಿಷಗಳಲ್ಲಿ ಮೀನು ಬೆಂದು ಮುಳ್ಳಿನಿಂದ ಬಿಡುವುದು. ಹುಣಿಸೆಹುಳಿಯು ಕಡೆಗೆ, ಅದೂ ಅಲ್ಪವಾಗಿ. ಮೊದಲೇ ಹೆಚ್ಚು ಹಾಕಿದರೆ ಶೇಂಗಾದ ಹಾಲೂ ಒಡೆಯುವುದುಂಟು.

ಇಳಿಸಿದ ಮೇಲೆ ಕಾಲು ಗಂಟೆ ಮುಚ್ಚಿಟ್ಟು ಬಡಿಸತಕ್ಕದ್ದು. ತಣ್ಣಗಾದಂತೆಲ್ಲ ಸಾರು ಇನ್ನೂ ಗಟ್ಟಿಯಾಗುವುದು. ಆಗ ಬಿಸಿನೀರನ್ನಲ್ಲ, ಮಿಕ್ಕ ಬಸಿಯನ್ನೇ ಕಾಯಿಸಿ ಬೆರೆಸುವುದು ಒಳ್ಳೆಯದು.