ಹಳೆಯ ಎಂ.ಸಿ.ಬಿ. ಬದಲಿಸುವ ಮುನ್ನ: ಮನೆ ಮತ್ತು ಕೊಟ್ಟಿಗೆಯ ಸುರಕ್ಷತೆ



ಹಿಂದೆ ಹಳ್ಳಿಯ ಮನೆಯಲ್ಲಿ ಕರೆಂಟ್ ಎಂದರೆ ನಾಲ್ಕು ಬಲ್ಬು, ಒಂದು ರೇಡಿಯೋ ಅಷ್ಟೆ. ಈಗ ಅದೇ ಮನೆಯಲ್ಲಿ ಫ್ರಿಜ್, ಮಿಕ್ಸಿ, ಗೀಸರ್ ಬಂದಿವೆ. ಕೊಟ್ಟಿಗೆಗೆ ಮೇವು ಕತ್ತರಿಸುವ ಯಂತ್ರ, ಹಾಲು ಕರೆಯುವ ಯಂತ್ರ, ನೀರಿನ ಮೋಟಾರು ಬಂದಿವೆ. ಆದರೆ ಇವೆಲ್ಲಕ್ಕೂ ಕಾವಲಾಗಿರುವ ಎಂ.ಸಿ.ಬಿ. ಮಾತ್ರ ಅನೇಕ ಮನೆಗಳಲ್ಲಿ ಮನೆ ಕಟ್ಟಿದಾಗ ಹಾಕಿದ್ದೇ ಆಗಿರುತ್ತದೆ. ಅದು ಪದೇ ಪದೇ ಬೀಳತೊಡಗಿದಾಗ, ಪೇಟೆಯಿಂದ ಇನ್ನೂ ದೊಡ್ಡದೊಂದನ್ನು ತಂದು ಹಾಕಿದರೆ ಸರಿಹೋಗುತ್ತದೆ ಎಂಬ ಭಾವನೆ ನಮ್ಮಲ್ಲಿದೆ. ಅಪಾಯ ಆರಂಭವಾಗುವುದು ಇಲ್ಲಿಂದಲೇ.

ಎಂ.ಸಿ.ಬಿ. ಕಾಯುವುದು ಏನನ್ನು?

ಎಂ.ಸಿ.ಬಿ. ಕಾಯುವುದು ಮುಖ್ಯವಾಗಿ ಗೋಡೆಯೊಳಗಿನ ವೈರನ್ನು. ವೈರು ತಾಳುವಷ್ಟಕ್ಕಿಂತ ಹೆಚ್ಚು ಕರೆಂಟ್ ಹರಿದರೆ ಅದು ಕಾದು, ಮೇಲಿನ ಹೊದಿಕೆ ಕರಗಿ ಬೆಂಕಿ ಹೊತ್ತಿಕೊಳ್ಳುತ್ತದೆ. ಅದಕ್ಕೆ ಮೊದಲೇ ಎಂ.ಸಿ.ಬಿ. ಬೀಳಬೇಕು. ಆದ್ದರಿಂದ ಎಂ.ಸಿ.ಬಿ.ಯ ಅಳತೆಯನ್ನು ವೈರಿನ ದಪ್ಪ ನೋಡಿ ನಿರ್ಧರಿಸತಕ್ಕದ್ದು. ತಾಮ್ರದ ವೈರಿಗೆ ಸಾಮಾನ್ಯವಾಗಿ ಅನುಸರಿಸುವ ಲೆಕ್ಕ ಹೀಗಿದೆ:

1.5 ಚದರ ಮಿ.ಮೀ. ವೈರು (ದೀಪ, ಫ್ಯಾನು) – 6 ಅಥವಾ 10 ಆಂಪಿಯರ್
2.5 ಚದರ ಮಿ.ಮೀ. ವೈರು (ಪವರ್ ಪ್ಲಗ್ಗು) – 16 ಆಂಪಿಯರ್
4 ಚದರ ಮಿ.ಮೀ. ವೈರು (ಗೀಸರ್, ಮೋಟಾರು) – 20 ಆಂಪಿಯರ್

ಹಳೆಯ ಮನೆಗಳಲ್ಲಿರುವ ಅಲ್ಯೂಮಿನಿಯಂ ವೈರು ಅದೇ ದಪ್ಪದ ತಾಮ್ರದ ವೈರಿಗಿಂತ ಕಡಿಮೆ ಕರೆಂಟ್ ತಾಳುತ್ತದೆ. 16 ಆಂಪಿಯರ್ ಎಂ.ಸಿ.ಬಿ. ಬೀಳುತ್ತದೆಂದು ಅದೇ ವೈರಿಗೆ 32 ಆಂಪಿಯರಿನದು ಹಾಕುವುದೂ ಒಂದೇ, ಹಿಂದೆ ಫ್ಯೂಸಿಗೆ ದಪ್ಪ ತಾಮ್ರದ ತಂತಿ ಸುತ್ತುತ್ತಿದ್ದುದೂ ಒಂದೇ. ಎಂ.ಸಿ.ಬಿ. ಬೀಳುವುದು ನಿಲ್ಲುತ್ತದೆ, ಬದಲಿಗೆ ವೈರು ಸುಡುತ್ತದೆ. ಪಕ್ಕದಲ್ಲಿ ಹುಲ್ಲಿನ ಬಣವೆಯಿದ್ದರೆ ಮುಂದಾಗುವುದನ್ನು ಹೇಳಬೇಕಾಗಿಲ್ಲ.

ಕೆಟ್ಟಿರುವುದು ಎಂ.ಸಿ.ಬಿ.ಯೇ ಎಂದು ಮೊದಲು ತಿಳಿಯಿರಿ

ಬೀಳುವ ಎಂ.ಸಿ.ಬಿ. ಎಲ್ಲವೂ ಕೆಟ್ಟದ್ದಲ್ಲ. ಅನೇಕ ಸಲ ಅದು ತನ್ನ ಕೆಲಸವನ್ನು ಸರಿಯಾಗಿ ಮಾಡುತ್ತಿರುತ್ತದೆ. ಆ ಲೈನಿನ ಎಲ್ಲ ಪ್ಲಗ್ಗುಗಳನ್ನು ಕಿತ್ತು, ಸ್ವಿಚ್ಚುಗಳನ್ನು ಆರಿಸಿ, ಎಂ.ಸಿ.ಬಿ.ಯನ್ನು ಒಮ್ಮೆ ಮಾತ್ರ ಮೇಲೆತ್ತಿ ನೋಡಿ.

1. ಏನೂ ಚಾಲೂ ಇಲ್ಲದಿದ್ದರೂ ತಕ್ಷಣ ಬಿದ್ದರೆ ವೈರಿಂಗಿನಲ್ಲಿ ಶಾರ್ಟ್ ಆಗಿರಬಹುದು ಅಥವಾ ಎಂ.ಸಿ.ಬಿ. ಕೆಟ್ಟಿರಬಹುದು. ಮತ್ತೆ ಮತ್ತೆ ಎತ್ತಬೇಡಿ.
2. ಒಂದು ಯಂತ್ರ ಚಾಲೂ ಮಾಡಿದಾಗ ಮಾತ್ರ ಬಿದ್ದರೆ ಆ ಯಂತ್ರವನ್ನು ಪರೀಕ್ಷಿಸಬೇಕು.
3. ಹತ್ತು ಹದಿನೈದು ನಿಮಿಷ ನಡೆದು ಬಿದ್ದರೆ ಆ ಲೈನಿನ ಮೇಲೆ ಹೊರೆ ಹೆಚ್ಚಾಗಿರುವ ಸಂಭವವುಂಟು. ಮೇವಿನ ಯಂತ್ರಕ್ಕೆ ಬೇರೆ ವೈರು, ಬೇರೆ ಎಂ.ಸಿ.ಬಿ. ಬೇಕಾಗಬಹುದು.

ಗುಂಡಿ ಸಡಿಲವಾಗಿ ಮೇಲೆ ನಿಲ್ಲದಿದ್ದರೆ, ಮೈ ಕಪ್ಪಾಗಿದ್ದರೆ, ಸುಟ್ಟ ವಾಸನೆ ಅಥವಾ ಚಿರ್ ಎಂಬ ಸದ್ದು ಬರುತ್ತಿದ್ದರೆ ಎಂ.ಸಿ.ಬಿ. ಬದಲಿಸುವುದೇ ಸರಿ. ಕೆಲವರು ಫೇಸ್ ಮತ್ತು ನ್ಯೂಟ್ರಲ್ ತಂತಿಗಳನ್ನು ತಾಗಿಸಿ 'ಬೀಳುತ್ತದೆಯೇ ನೋಡೋಣ' ಎನ್ನುತ್ತಾರೆ. ಇದು ಪ್ರಾಣಾಪಾಯಕರ, ಖಂಡಿತ ಮಾಡಬೇಡಿ.

ಯಾವುದನ್ನು ಕೊಳ್ಳಬೇಕು?

ಹಳೆಯದರ ಮೇಲೆ ಬಿ 16, ಸಿ 16 ಎಂದು ಬರೆದಿರುತ್ತದೆ. ಅಂಕಿ ಆಂಪಿಯರನ್ನು ಸೂಚಿಸುತ್ತದೆ. ಅಕ್ಷರವೂ ಮುಖ್ಯವೇ. ಬಿ ಮಾದರಿಯದು ತನ್ನ ಅಳತೆಯ 3ರಿಂದ 5 ಪಟ್ಟು ಕರೆಂಟಿಗೆ ತಕ್ಷಣ ಬೀಳುತ್ತದೆ, ಸಿ ಮಾದರಿಯದು 5ರಿಂದ 10 ಪಟ್ಟಿಗೆ. 2 ಎಚ್.ಪಿ. ಸಿಂಗಲ್ ಫೇಸ್ ಮೋಟಾರು ಓಡುವಾಗ ಸುಮಾರು 12 ಆಂಪಿಯರ್ ಎಳೆದರೂ, ಚಾಲೂ ಆಗುವ ಕ್ಷಣದಲ್ಲಿ ಅದರ ಐದಾರು ಪಟ್ಟು ಎಳೆಯುತ್ತದೆ. ಅಲ್ಲಿ ಬಿ ಮಾದರಿ ಹಾಕಿದ್ದರೆ ಕಾರಣವಿಲ್ಲದೆ ಬೀಳಬಹುದು. ಮೋಟಾರಿಗೆ ಸಿ ಮಾದರಿಯೇ ಸೂಕ್ತ. ಐ.ಎಸ್.ಐ. ಗುರುತು ಇರುವುದನ್ನೇ ಬಿಲ್ಲು ಸಮೇತ ಕೊಳ್ಳಿ.

ಕೆಲಸ ಯಾರು ಮಾಡಬೇಕು?

ಪರವಾನಗಿ ಪಡೆದ ವೈರ್‌ಮನ್‌ನಿಂದಲೇ ಮಾಡಿಸಿ. ಅವರಿಗೆ ಕೊಡುವ ಕೂಲಿ ಒಂದು ಹಸುವಿನ ಬೆಲೆಯ ಮುಂದೆ ಏನೂ ಅಲ್ಲ. ಆದರೆ ನೀವು ಪಕ್ಕದಲ್ಲಿ ನಿಂತು ಈ ಕೆಳಗಿನವು ನಡೆಯುತ್ತಿವೆಯೇ ಎಂದು ಗಮನಿಸಿ.

1. ಮೇನ್ ಸ್ವಿಚ್ ಆರಿಸಿ, 'ಕೆಲಸ ನಡೆಯುತ್ತಿದೆ, ಸ್ವಿಚ್ ಹಾಕಬೇಡಿ' ಎಂದು ಬರೆದು ತೂಗುಹಾಕಬೇಕು. ಲೋಡ್ ಶೆಡ್ಡಿಂಗ್ ಸಮಯ ಎಂದು ನಂಬಿ ಕೈಹಾಕಬಾರದು. ಕರೆಂಟ್ ಯಾವ ಗಳಿಗೆಯಲ್ಲಾದರೂ ಬರಬಹುದು.
2. ಯು.ಪಿ.ಎಸ್., ಜನರೇಟರ್, ಸೋಲಾರ್ ಇದ್ದರೆ ಅವನ್ನೂ ಆರಿಸಬೇಕು. ಮೇನ್ ಆರಿಸಿದರೂ ಯು.ಪಿ.ಎಸ್. ಕಡೆಯಿಂದ ಕರೆಂಟ್ ಬರುತ್ತಿರುತ್ತದೆ. ಹೆಚ್ಚಿನವರು ಮರೆಯುವುದು ಇದನ್ನೇ.
3. ಮೇನ್ ಸ್ವಿಚ್ ಆರಿಸಿದ ಮೇಲೂ ಮೀಟರಿನಿಂದ ಅದಕ್ಕೆ ಬರುವ ತಂತಿಗಳಲ್ಲಿ ಕರೆಂಟ್ ಇದ್ದೇ ಇರುತ್ತದೆ. ಮೇನ್ ಸ್ವಿಚ್ಚನ್ನೇ ಬದಲಿಸಬೇಕಾದರೆ ನಿಮ್ಮ ವಿದ್ಯುತ್ ಸರಬರಾಜು ಕಂಪನಿಯ ಶಾಖಾ ಕಚೇರಿಗೆ ತಿಳಿಸಿ, ಲೈನ್‌ಮನ್ ಬಂದು ಸಂಪರ್ಕ ತೆಗೆದ ನಂತರವೇ ಕೆಲಸ ಆಗಬೇಕು. ದೂರವಾಣಿ ಸಂಖ್ಯೆ 1912. ಮೀಟರಿನ ಸೀಲನ್ನು ಯಾರೂ ಒಡೆಯಬಾರದು.
4. ಟೆಸ್ಟರನ್ನು ಮೊದಲು ಕರೆಂಟ್ ಇರುವ ಕಡೆ ಇಟ್ಟು ಸರಿಯಿದೆಯೇ ನೋಡಬೇಕು, ನಂತರ ಪೆಟ್ಟಿಗೆಯಲ್ಲಿ ಪರೀಕ್ಷಿಸಬೇಕು, ಪುನಃ ಕರೆಂಟ್ ಇರುವ ಕಡೆ ನೋಡಬೇಕು. ದೀಪದ ಟೆಸ್ಟರಿಗಿಂತ ಮೀಟರ್ ಹೆಚ್ಚು ನಂಬಿಕೆಗೆ ಅರ್ಹ.
5. ಕೈ ಒಣಗಿರಬೇಕು, ಕಾಲಿಗೆ ರಬ್ಬರ್ ಚಪ್ಪಲಿ, ಕೆಳಗೆ ಒಣ ಹಲಗೆ ಇರಬೇಕು. ಕೊಟ್ಟಿಗೆಯಲ್ಲಿ ದುಡಿದು ಒದ್ದೆ ಕೈಯಲ್ಲಿ ಯಾರೂ ಪೆಟ್ಟಿಗೆ ಮುಟ್ಟಬಾರದು.
6. ವೈರಿನ ತುದಿ ಸುಟ್ಟಿದ್ದರೆ ಹೊಳೆಯುವ ತಾಮ್ರ ಕಾಣುವವರೆಗೆ ಕತ್ತರಿಸಬೇಕು. ತಾಮ್ರ ಮಾತ್ರ ಸ್ಕ್ರೂ ಕೆಳಗೆ ಹೋಗಬೇಕು, ಹೊದಿಕೆ ಅಲ್ಲ. ಬಿಗಿ ಮಾಡಿ ಒಮ್ಮೆ ಎಳೆದು ನೋಡಬೇಕು. ಸಡಿಲ ಸ್ಕ್ರೂ ಕಾದು ಕಾದು ಹೊಸ ಎಂ.ಸಿ.ಬಿ.ಯನ್ನೂ ಸುಡುತ್ತದೆ.
7. ಮುಚ್ಚಳ ಹಾಕಿದ ಮೇಲೆ ಎಲ್ಲ ಎಂ.ಸಿ.ಬಿ. ಕೆಳಗಿರುವಾಗಲೇ ಮೇನ್ ಹಾಕಿ, ಒಂದೊಂದನ್ನಾಗಿ ಮೇಲೆತ್ತಬೇಕು. ಅರ್ಧ ಗಂಟೆ ಯಂತ್ರ ಓಡಿಸಿ, ಬಿಸಿ ಅಥವಾ ವಾಸನೆ ಬರುತ್ತದೆಯೇ ನೋಡಬೇಕು.

ಶಾಕಿನಿಂದ ಕಾಯುವುದು ಬೇರೆಯದೇ

ಇದು ಬಹಳ ಮುಖ್ಯ. ಎಂ.ಸಿ.ಬಿ. ಹೊಸದಾದರೂ ಅದು ನಿಮ್ಮನ್ನಾಗಲಿ ಹಸುವನ್ನಾಗಲಿ ಶಾಕಿನಿಂದ ಕಾಪಾಡುವುದಿಲ್ಲ. ಒಂದು ಆಂಪಿಯರಿನ ಹತ್ತನೆಯ ಒಂದು ಪಾಲು ಕರೆಂಟ್ ದೇಹದ ಮೂಲಕ ಹರಿದರೂ ಜೀವ ಹೋಗಬಹುದು. 16 ಆಂಪಿಯರಿನ ಎಂ.ಸಿ.ಬಿ.ಗೆ ಅಷ್ಟು ಸಣ್ಣ ಸೋರಿಕೆ ತಿಳಿಯುವುದೇ ಇಲ್ಲ. ಅದಕ್ಕೆಂದೇ ಇರುವ ಸಾಧನ ಆರ್.ಸಿ.ಸಿ.ಬಿ. ಹೋದ ಕರೆಂಟಿಗೂ ಹಿಂದಿರುಗಿದ ಕರೆಂಟಿಗೂ 30 ಮಿಲಿ ಆಂಪಿಯರ್ ವ್ಯತ್ಯಾಸ ಬರುವುದರೊಳಗೆ ಅದು ಲೈನ್ ಕಡಿಯುತ್ತದೆ. ಪೆಟ್ಟಿಗೆ ತೆರೆದಾಗಲೇ ಇದನ್ನೂ ಹಾಕಿಸಿಕೊಳ್ಳಿ. ಅದರ ಮೇಲಿರುವ ಟೆಸ್ಟ್ ಗುಂಡಿಯನ್ನು ತಿಂಗಳಿಗೊಮ್ಮೆ ಒತ್ತಿ, ಬೀಳದಿದ್ದರೆ ಬದಲಿಸಿ.

ಕೊಟ್ಟಿಗೆಯ ನೆಲ ಸಗಣಿ, ಗಂಜಲ, ನೀರಿನಿಂದ ಸದಾ ಒದ್ದೆ. ಹಸುವಿಗೆ ಚಪ್ಪಲಿಯಿಲ್ಲ, ಮುಂಗಾಲು ಹಿಂಗಾಲುಗಳ ಅಂತರವೂ ಹೆಚ್ಚು. ಆದ್ದರಿಂದ ಮನುಷ್ಯನಿಗೆ ಗೊತ್ತಾಗದ ಕೆಲವೇ ವೋಲ್ಟ್ ಸೋರಿಕೆಯೂ ಹಸುವಿಗೆ ತಟ್ಟುತ್ತದೆ. ಹಸು ಒಂದೇ ಜಾಗದಲ್ಲಿ ನಿಲ್ಲಲು ಹೆದರುವುದು, ತೊಟ್ಟಿಯ ನೀರಿಗೆ ಬಾಯಿ ಹಾಕಲು ಹಿಂಜರಿಯುವುದು, ಕರೆಯುವಾಗ ಒದೆಯುವುದು, ಹಾಲು ಇಳಿಸದಿರುವುದು ಕಂಡುಬಂದರೆ ಪಶುವೈದ್ಯರಿಗೆ ತೋರಿಸುವುದರ ಜೊತೆಗೆ ವೈರಿಂಗನ್ನೂ ಪರೀಕ್ಷೆ ಮಾಡಿಸಿ. ಅರ್ತಿಂಗ್ ಸರಿಯಾಗಿರಲಿ, ಬೇಸಿಗೆಯಲ್ಲಿ ಅರ್ತ್ ಗುಂಡಿಗೆ ನೀರು ಹಾಕುತ್ತಿರಿ. ಮೋಟಾರಿನ ಮೈಗೆ ಅರ್ತ್ ತಂತಿ ತಪ್ಪದೇ ಇರಲಿ.

ಹಸುವಿಗೆ ಶಾಕ್ ಹೊಡೆದಾಗ ಓಡಿಹೋಗಿ ಹಗ್ಗ ಹಿಡಿಯಬೇಡಿ. ಮೊದಲು ಮೇನ್ ಆರಿಸಿ, ನಂತರ ಹತ್ತಿರ ಹೋಗಿ. ಹಸುವನ್ನು ಬಿಡಿಸಲು ಹೋದವರ ಪ್ರಾಣವೂ ಹೋಗುವುದುಂಟು. ಈ ಮಾತನ್ನು ಮನೆಯ ಹೆಂಗಸರಿಗೂ ಮಕ್ಕಳಿಗೂ ಹೇಳಿ, ಮೇನ್ ಸ್ವಿಚ್ ಎಲ್ಲಿದೆ, ಹೇಗೆ ಆರಿಸುವುದು ಎಂದು ತೋರಿಸಿಕೊಡಿ.

ಇಂದು ಸಂಜೆ ಹಾಲು ಹಾಕಿ ಬಂದ ಮೇಲೆ ಒಮ್ಮೆ ನಿಮ್ಮ ಮನೆಯ ಪೆಟ್ಟಿಗೆಯ ಮುಂದೆ ನಿಂತು ನೋಡಿ. ಯಾವ ಎಂ.ಸಿ.ಬಿ.ಯ ಮೇಲೆ ಎಷ್ಟು ಆಂಪಿಯರ್ ಎಂದಿದೆ, ಆರ್.ಸಿ.ಸಿ.ಬಿ. ಇದೆಯೇ ಎಂದು ಒಂದು ಚೀಟಿಯಲ್ಲಿ ಬರೆದುಕೊಳ್ಳಿ. ವೈರ್‌ಮನ್ ಬಂದಾಗ ಆ ಚೀಟಿಯನ್ನು ಕೊಟ್ಟು, 'ಈ ವೈರಿಗೆ ಇದು ಸರಿಯೇ?' ಎಂದು ಕೇಳಿ.