ಶೇಷಾದ್ರಿ ರಸ್ತೆಯ ಸೆರೆಮನೆ

ಶೇಷಾದ್ರಿಪುರಂನಲ್ಲಿ ಜಾತ್ಯತೀತ ಜನತಾದಳದ ಕಚೇರಿಗೆ ಜೆ.ಪಿ. ಭವನ ಎಂದು ಹೆಸರು. ರೇಸ್‌ಕೋರ್ಸ್ ರಸ್ತೆಯ ಹಳೆಯ ಕಟ್ಟಡಕ್ಕಾಗಿ ಕಾಂಗ್ರೆಸ್ ಜೊತೆ ಸುಪ್ರೀಂ ಕೋರ್ಟಿನವರೆಗೆ ಹೋಗಿ ಸೋತ ಮೇಲೆ ಪಕ್ಷ ಇಲ್ಲಿಗೆ ಬಂತು. ತುರ್ತುಪರಿಸ್ಥಿತಿಯಲ್ಲಿ ಜೈಲು ಕಂಡ ಜಯಪ್ರಕಾಶ ನಾರಾಯಣರ ಹೆಸರು ಹೊತ್ತ ಕಟ್ಟಡ ಇರುವ ಬಡಾವಣೆಯ ಹೆಸರು ಮಾತ್ರ, ಯಾರ ಹತ್ತಿರವೂ ಓಟು ಕೇಳದೆ 1883ರಿಂದ 1901ರವರೆಗೆ ಮೈಸೂರು ಸಂಸ್ಥಾನ ನಡೆಸಿದ ದಿವಾನ್ ಕೆ. ಶೇಷಾದ್ರಿ ಅಯ್ಯರ್ ಅವರದು.

ಅಯ್ಯರ್ ಬರುವ ಹೊತ್ತಿಗೆ ಸಂಸ್ಥಾನದಲ್ಲಿ ಪ್ರಜಾಪ್ರತಿನಿಧಿ ಸಭೆ ಇತ್ತು. 1881ರಲ್ಲಿ ದಿವಾನ್ ರಂಗಾಚಾರ್ಲು ಶುರು ಮಾಡಿದ್ದು. ದಸರಾ ಹೊತ್ತಿಗೆ ಊರೂರಿನ ಪ್ರಮುಖರು ಮೈಸೂರಿಗೆ ಬಂದು ದಿವಾನರ ಭಾಷಣ ಕೇಳಬೇಕು, ತಮ್ಮ ಅಹವಾಲು ಹೇಳಬೇಕು, ಊರಿಗೆ ಮರಳಬೇಕು. ತೀರ್ಮಾನ ದಿವಾನರದು. ಆದರೂ ಬೆಂಗಳೂರಿಗೆ ಹೆಸರಘಟ್ಟದ ನೀರು ಬಂತು, ಶಿವನಸಮುದ್ರದ ವಿದ್ಯುತ್ ಯೋಜನೆಗೆ ಅಡಿಪಾಯ ಬಿತ್ತು. ಕಬ್ಬನ್ ಪಾರ್ಕಿನಲ್ಲಿ ಅಯ್ಯರ್ ಪ್ರತಿಮೆ ನಿಂತಿತು. ಕೆಲಸ ಮಾಡಿ ತೋರಿಸಿದವರನ್ನು ‘ನಿಮ್ಮನ್ನು ಆರಿಸಿದ್ದು ಯಾರು’ ಎಂದು ಕೇಳುವ ಅಭ್ಯಾಸ ಹಳೇ ಮೈಸೂರಿಗೆ ಕಡಿಮೆ. ಕೇಳಿದ್ದೇ ಇಲ್ಲ ಅಂತಲ್ಲ. 1938ರಲ್ಲಿ ಶಿವಪುರ, ವಿದುರಾಶ್ವತ್ಥಗಳಲ್ಲಿ ಕೇಳಿದರು. ದೇಶಕ್ಕೆ ಸ್ವಾತಂತ್ರ್ಯ ಬಂದ ಮೇಲೂ ಜವಾಬ್ದಾರಿ ಸರ್ಕಾರ ಕೊಡಲು ಅರಮನೆ ಮೀನಮೇಷ ಎಣಿಸಿದಾಗ, 1947ರ ಸೆಪ್ಟೆಂಬರಿನಲ್ಲಿ ‘ಮೈಸೂರು ಚಲೋ’ ಎಂದು ಹೊರಟು ಜೈಲು ತುಂಬಿದರು. ಅಕ್ಟೋಬರ್ ಕೊನೆಗೆ ಕೆ.ಸಿ. ರೆಡ್ಡಿ ಮಂತ್ರಿಮಂಡಲ ಬಂತು.

ಶೇಷಾದ್ರಿಪುರಂನಿಂದ ಆನಂದರಾವ್ ವೃತ್ತ ದಾಟಿದರೆ ಅದೇ ದಿವಾನರ ಹೆಸರಿನ ಶೇಷಾದ್ರಿ ರಸ್ತೆ. ಅಲ್ಲಿತ್ತು 1860ರ ದಶಕದಲ್ಲಿ ಕಟ್ಟಿದ ಸೆಂಟ್ರಲ್ ಜೈಲು. ನಡುವೆ ಕಾವಲು ಗೋಪುರ, ಸುತ್ತ ಬ್ಯಾರಕ್‌ಗಳು. ಒಬ್ಬ ಕಾವಲುಗಾರ ನಿಂತಲ್ಲಿಂದಲೇ ಎಲ್ಲರ ಮೇಲೆ ಕಣ್ಣಿಡಬಹುದಿತ್ತು. 1975ರ ಜೂನ್ 26ರಂದು ಸಂಸದೀಯ ಸಮಿತಿಯ ಸಭೆಗೆಂದು ಬೆಂಗಳೂರಿಗೆ ಬಂದು ಶಾಸಕರ ಭವನದಲ್ಲಿ ತಂಗಿದ್ದ ವಾಜಪೇಯಿ, ಆಡ್ವಾಣಿ, ಮಧು ದಂಡವತೆ, ಶ್ಯಾಮನಂದನ ಮಿಶ್ರರನ್ನು ಹಿಡಿದು ತಂದದ್ದು ಈ ಜೈಲಿಗೆ. ವಿಧಾನಸಭೆಯ ವಿರೋಧ ಪಕ್ಷದ ನಾಯಕ ದೇವೇಗೌಡರೂ ಇಲ್ಲೇ ಇದ್ದರು. ಈ ಸಂಸದರ ಹೇಬಿಯಸ್ ಕಾರ್ಪಸ್ ಅರ್ಜಿಯನ್ನು ವಿಚಾರಣೆಗೆ ಎತ್ತಿಕೊಳ್ಳಬಹುದು ಎಂದ ಹೈಕೋರ್ಟ್ ಪೀಠದಲ್ಲಿದ್ದ ನ್ಯಾಯಮೂರ್ತಿ ಡಿ.ಎಂ. ಚಂದ್ರಶೇಖರ್ ಅವರನ್ನು ಅಲಹಾಬಾದಿಗೆ ಎತ್ತಂಗಡಿ ಮಾಡಲಾಯಿತು. 1976ರ ಏಪ್ರಿಲ್ 28ರಂದು ಸುಪ್ರೀಂ ಕೋರ್ಟ್ ಆ ಬಾಗಿಲನ್ನೂ ಮುಚ್ಚಿತು.

ನಾಯಕರ ಸೆರೆವಾಸದ ಕಥೆ ಪ್ರತಿ ಜೂನ್‌ನಲ್ಲೂ ಪತ್ರಿಕೆಗಳಲ್ಲಿ ಬರುತ್ತದೆ. ಸ್ನೇಹಲತಾ ರೆಡ್ಡಿಯವರದು ಅಷ್ಟಾಗಿ ಬರುವುದಿಲ್ಲ. ‘ಸಂಸ್ಕಾರ’ ಚಿತ್ರದ ಚಂದ್ರಿ. ಬರೋಡಾ ಡೈನಮೈಟ್ ಪ್ರಕರಣದ ನೆಪದಲ್ಲಿ 1976ರ ಮೇ ತಿಂಗಳಲ್ಲಿ ಅವರನ್ನು ಹಿಡಿದರು. ಆಸ್ತಮಾ ಇದ್ದ ಹೆಂಗಸನ್ನು ಪುಟ್ಟ ಕೋಣೆಯಲ್ಲಿ ಒಂಟಿಯಾಗಿ ಇಟ್ಟರು. ಉಸಿರು ಕಟ್ಟಿದಾಗಲೂ ಸರಿಯಾದ ಚಿಕಿತ್ಸೆ ಸಿಗಲಿಲ್ಲ. ಒಳಗಿದ್ದೂ ಅವರು ಸಹಕೈದಿ ಹೆಂಗಸರ ಊಟ, ಹೊಡೆತಗಳ ಬಗ್ಗೆ ಅಧಿಕಾರಿಗಳ ಜೊತೆ ಜಗಳವಾಡಿದರು, ದಿನಚರಿ ಬರೆದರು. ದೇಹ ಸೋತಿದೆ ಎಂದು ಖಾತ್ರಿಯಾದ ಮೇಲೆ, 1977ರ ಜನವರಿ 15ರಂದು ಪೆರೋಲ್ ಮೇಲೆ ಹೊರಗೆ ಬಿಟ್ಟರು. ಐದು ದಿನಕ್ಕೆ ತೀರಿಕೊಂಡರು. ಆ ವೇಳೆಗೆ ಚುನಾವಣೆ ಘೋಷಣೆಯಾಗಿತ್ತು.

ಆ ಚುನಾವಣೆಯಲ್ಲಿ ಉತ್ತರ ಭಾರತ ಇಂದಿರಾ ಗಾಂಧಿಯವರನ್ನು ಗುಡಿಸಿ ಹಾಕಿತು. ಕರ್ನಾಟಕ 28ರಲ್ಲಿ 26 ಸ್ಥಾನಗಳನ್ನು ಕಾಂಗ್ರೆಸ್ಸಿಗೆ ಕೊಟ್ಟಿತು. ಜನತಾ ಪಕ್ಷ ಗೆದ್ದ ಎರಡರಲ್ಲಿ ಒಂದು ಬೆಂಗಳೂರು ದಕ್ಷಿಣ; ಗೆದ್ದವರು ಕೆ.ಎಸ್. ಹೆಗ್ಡೆ, 1973ರಲ್ಲಿ ಸೇವಾ ಹಿರಿತನ ಕಡೆಗಣಿಸಿದ್ದಕ್ಕೆ ಸುಪ್ರೀಂ ಕೋರ್ಟಿನ ನ್ಯಾಯಮೂರ್ತಿ ಹುದ್ದೆ ಬಿಟ್ಟು ಬಂದವರು. ಮರುವರ್ಷ ಚಿಕ್ಕಮಗಳೂರು ಇಂದಿರಾರನ್ನೇ ಗೆಲ್ಲಿಸಿ ಲೋಕಸಭೆಗೆ ಕಳಿಸಿತು.

ಇದನ್ನು ಕನ್ನಡಿಗರ ರಾಜಕೀಯ ಅಜ್ಞಾನ ಅನ್ನುವವರಿದ್ದಾರೆ. ನಾನು ಒಪ್ಪುವುದಿಲ್ಲ. 1974ರ ಮಾರ್ಚಿನಿಂದ ಜಾರಿಗೆ ಬಂದ ಭೂಸುಧಾರಣೆ ತಿದ್ದುಪಡಿಯಲ್ಲಿ ಕಾಂಗ್ರೆಸ್ ಮುಖ್ಯಮಂತ್ರಿ ದೇವರಾಜ ಅರಸು ತಾಲ್ಲೂಕು ಮಟ್ಟದಲ್ಲಿ ಭೂ ನ್ಯಾಯಮಂಡಳಿಗಳನ್ನು ಕೂರಿಸಿದ್ದರು. ಗೇಣಿದಾರ ಫಾರಂ 7 ತುಂಬಿ ಕೊಟ್ಟರೆ ಸಾಕು, ಮಂಡಳಿಯ ಮುಂದೆ ವಕೀಲರಿಗೆ ಪ್ರವೇಶವಿಲ್ಲ. ತಲೆತಲಾಂತರದಿಂದ ಗೇಣಿ ಅಳೆದ ಮನೆಗೆ ಹೊಲದ ಹಕ್ಕುಪತ್ರ ಬಂದದ್ದು ಈ ವರ್ಷಗಳಲ್ಲಿ. ಹಾವನೂರು ಆಯೋಗ ಹಿಂದುಳಿದ ವರ್ಗಗಳ ವರದಿ ಕೊಟ್ಟದ್ದೂ 1975ರ ನವೆಂಬರಿನಲ್ಲಿ. ಆ ಮನೆಯವರ ಲೆಕ್ಕದಲ್ಲಿ ಆ ವರ್ಷಗಳು ಕತ್ತಲ ವರ್ಷಗಳಲ್ಲ. ಬೆಂಗಳೂರಿನ ಓದುಬರಹ ಬಲ್ಲ ನಾವು ಈ ಮಾತು ಬಂದಾಗ ಗಂಟಲು ಸರಿ ಮಾಡಿಕೊಳ್ಳುತ್ತೇವೆ. ಆದರೆ ಫಾರಂ 7ರ ಕಾನೂನಿಗೆ ವಿಧಾನಸಭೆಯ ಒಪ್ಪಿಗೆ ಸಿಕ್ಕಿದ್ದು ತುರ್ತುಪರಿಸ್ಥಿತಿಗೆ ಮೊದಲೇ. ಸ್ನೇಹಲತಾ ಸೆರೆಯಲ್ಲಿ ನರಳದಿದ್ದರೂ ಗೇಣಿದಾರನಿಗೆ ಭೂಮಿ ಸಿಗುತ್ತಿತ್ತು. ಈ ಎರಡನ್ನೂ ಒಂದೇ ಗಂಟಿನಲ್ಲಿ ಕಟ್ಟಿ, ಅದು ಬೇಕಿದ್ದರೆ ಇದನ್ನೂ ಸಹಿಸಬೇಕು ಅನ್ನುವುದು ಆಳುವವರ ಜಾಣತನ.

ಜೈಲಿನಿಂದ ಬಂದವರೆಲ್ಲ ಪರಿಶುದ್ಧರಾಗಿಯೇ ಆಳಿದರೇ? ಸೆರೆ ಅನುಭವಿಸಿದ್ದ ರಾಮಕೃಷ್ಣ ಹೆಗಡೆ 1983ರಲ್ಲಿ ರಾಜ್ಯದ ಮೊದಲ ಕಾಂಗ್ರೆಸ್ಸೇತರ ಮುಖ್ಯಮಂತ್ರಿಯಾದರು. ಸಚಿವ ಅಬ್ದುಲ್ ನಜೀರ್ ಸಾಬ್ ಜೊತೆ ಸೇರಿ ಜಿಲ್ಲಾ ಪರಿಷತ್, ಮಂಡಲ ಪಂಚಾಯಿತಿಗಳನ್ನು ಕಟ್ಟಿ ಅಧಿಕಾರವನ್ನು ಹಳ್ಳಿಯ ಹತ್ತಿರ ಒಯ್ದರು. ಅವರೇ 1988ರಲ್ಲಿ ಟೆಲಿಫೋನ್ ಕದ್ದಾಲಿಕೆ ಹಗರಣದಲ್ಲಿ ರಾಜೀನಾಮೆ ಕೊಡಬೇಕಾಯಿತು. ನಂತರ ಬಂದ ಎಸ್.ಆರ್. ಬೊಮ್ಮಾಯಿಯವರನ್ನು 1989ರ ಏಪ್ರಿಲಿನಲ್ಲಿ, ಸದನದಲ್ಲಿ ಬಹುಮತ ತೋರಿಸುವ ಅವಕಾಶವನ್ನೂ ಕೊಡದೆ ವಜಾ ಮಾಡಿದರು. ಬೊಮ್ಮಾಯಿ ಕೋರ್ಟಿಗೆ ಹೋದರು. 1994ರ ಮಾರ್ಚ್ 11ರಂದು ಒಂಬತ್ತು ನ್ಯಾಯಮೂರ್ತಿಗಳ ಪೀಠ, ಬಹುಮತ ನಿರ್ಧಾರವಾಗಬೇಕಾದ್ದು ಸದನದಲ್ಲೇ ಹೊರತು ರಾಜಭವನದಲ್ಲಲ್ಲ ಎಂದಿತು. ಇವತ್ತಿಗೂ ದೇಶದ ಯಾವ ರಾಜ್ಯದಲ್ಲಿ ಸರ್ಕಾರ ಅಲುಗಾಡಿದರೂ ವಕೀಲರು ಮೊದಲು ಎತ್ತುವುದು ಬೊಮ್ಮಾಯಿ ಹೆಸರು.

ಸೆಂಟ್ರಲ್ ಜೈಲು ಪರಪ್ಪನ ಅಗ್ರಹಾರಕ್ಕೆ ಹೋದ ಮೇಲೆ ಹಳೆಯ ಜಾಗ 2008ರಲ್ಲಿ ಫ್ರೀಡಂ ಪಾರ್ಕ್ ಆಯಿತು. ಕಾವಲು ಗೋಪುರವನ್ನೂ ಕೆಲವು ಬ್ಯಾರಕ್‌ಗಳನ್ನೂ ಉಳಿಸಿದ್ದಾರೆ. ಪಕ್ಕದಲ್ಲೇ ಧರಣಿಯ ಶಾಮಿಯಾನ. ಒಂದು ದಿನ ಅಂಗನವಾಡಿ ಕಾರ್ಯಕರ್ತೆಯರು, ಇನ್ನೊಂದು ದಿನ ಅತಿಥಿ ಉಪನ್ಯಾಸಕರು. ಬೆಂಗಳೂರಿನಲ್ಲಿ ಪ್ರತಿಭಟನೆ ಮಾಡುವವರು ಇಲ್ಲಿ ಮಾತ್ರ ಮಾಡಬೇಕು ಎಂಬ ಆದೇಶ 2021ರದು. ಆಗ ರಾಜ್ಯದಲ್ಲಿ ಇದ್ದದ್ದು, ಇದೇ ಜೈಲಿನಲ್ಲಿ ಸೆರೆ ಇದ್ದ ಆಡ್ವಾಣಿಯವರ ಪಕ್ಷದ ಸರ್ಕಾರ. 2023ರಲ್ಲಿ ಬಂದ ಕಾಂಗ್ರೆಸ್ ಸರ್ಕಾರಕ್ಕೂ ಅದನ್ನು ಹಿಂಪಡೆಯುವ ಅವಸರ ಕಾಣಲಿಲ್ಲ.